ಪರದೆಯ ಕೆಳಗೆ ನಾಲ್ಕು ಬೆರಳು ಕತ್ತಲು

ಹೊಸ ಕ್ಯಾಮೆರಾ ಬಂದ ದಿನ ಅದರಲ್ಲಿ ನಾನು ತೆಗೆದ ಮೊದಲ ಚಿತ್ರ ಒಂದು ಎಮ್ಮೆಯದು. ನಗಬೇಡಿ. ನಾನು ದನದ ಡಾಕ್ಟರು. ಇಂಡಿ ಊರಿನ ಪಶು ಆಸ್ಪತ್ರೆಯಲ್ಲಿ ಬೆಳಿಗ್ಗೆ ಬಾಗಿಲು ತೆಗೆದರೆ ನನ್ನೆದುರು ಬಂದು ನಿಲ್ಲುವವರೆಲ್ಲ ನಾಲ್ಕು ಕಾಲಿನವರೇ. ಹೂವು, ಸೂರ್ಯಾಸ್ತ, ನಗುವ ಕೂಸು ಇವೆಲ್ಲ ಬೇರೆ ಇಲಾಖೆಯವರ ಪಾಲು. ಮೇಲಾಗಿ, ಕ್ಯಾಮೆರಾದ ಯೋಗ್ಯತೆ ಅಳೆಯುವುದಕ್ಕೆ ಎಮ್ಮೆಯಷ್ಟು ಒಳ್ಳೆಯ ವಸ್ತು ಇನ್ನೊಂದಿಲ್ಲ ಎಂಬುದು ನನ್ನ ಬಹುದಿನದ ಅಭಿಪ್ರಾಯ.

ಇಂಟರ್‌ನೆಟ್ಟಿನಲ್ಲಿ ಕ್ಯಾಮೆರಾ ಪರೀಕ್ಷಿಸುವ ಪಂಡಿತರಿದ್ದಾರೆ. ಅವರು ಇಟ್ಟಿಗೆ ಗೋಡೆಯ ಫೋಟೋ ತೆಗೆಯುತ್ತಾರೆ. ಆಮೇಲೆ ಅದರ ಒಂದು ಮೂಲೆಯನ್ನು ಹಿಗ್ಗಿಸಿ, ಈ ಕ್ಯಾಮೆರಾದ ಇಟ್ಟಿಗೆ ಆ ಕ್ಯಾಮೆರಾದ ಇಟ್ಟಿಗೆಗಿಂತ ಕೂದಲೆಳೆಯಷ್ಟು ಮಸುಕಾಗಿದೆ ಎಂದು ಮುಖ ಸಣ್ಣದು ಮಾಡುತ್ತಾರೆ. ಕೊಳ್ಳುವ ಮೊದಲು ಇಂಥ ವಿಡಿಯೋಗಳನ್ನು ನಾನು ಎಷ್ಟು ನೋಡಿದೆನೆಂದರೆ ನಮ್ಮ ಆಸ್ಪತ್ರೆಯ ಕಂಪೌಂಡಿನ ಇಟ್ಟಿಗೆಗಳ ಮೇಲೂ ಒಂದು ಥರದ ಗೌರವ ಹುಟ್ಟಿಬಿಟ್ಟಿತ್ತು. ನಮ್ಮ ಕಡೆ ಹೋರಿ ಕೊಳ್ಳುವವರ ರೀತಿಯೂ ಹೆಚ್ಚುಕಡಿಮೆ ಇದೇ. ಬಾಯಿ ತೆರೆಸಿ ಹಲ್ಲು ನೋಡುತ್ತಾರೆ, ಸುಳಿ ನೋಡುತ್ತಾರೆ, ನಾಲ್ಕು ಹೆಜ್ಜೆ ನಡೆಸಿ ನೋಡುತ್ತಾರೆ. ಇಷ್ಟೆಲ್ಲ ನೋಡಿ ಮನೆಗೆ ತಂದ ಹೋರಿ ನೊಗಕ್ಕೆ ಹೆಗಲು ಕೊಡುತ್ತದೋ ಇಲ್ಲವೋ ಎಂಬುದು ಬೇರೆ ಮಾತು.

ನಾನು ಕೊಂಡದ್ದು ಫುಲ್ ಫ್ರೇಮ್ ಮಿರರ್‌ಲೆಸ್. ಹಳೆಯ ರೀಲಿನ ಒಂದು ಚೌಕಟ್ಟು ಎಷ್ಟಿತ್ತೋ ಅಷ್ಟೇ ಅಗಲದ ಸೆನ್ಸರ್ ಇದ್ದರೆ ಅದು ಫುಲ್ ಫ್ರೇಮ್. ಒಳಗೆ ಕನ್ನಡಿ ಇಲ್ಲದಿದ್ದರೆ ಮಿರರ್‌ಲೆಸ್. ಆ ಜಾತಿಯಲ್ಲೇ ಇದು ಕಡಿಮೆ ಬೆಲೆಯದು. ಮೈ ಪ್ಲಾಸ್ಟಿಕ್ಕಿನದು, ಕಣ್ಣಿಟ್ಟು ನೋಡುವ ಕಿಂಡಿ ಸಣ್ಣದು. ಆದರೆ ಒಳಗಿನ ಸೆನ್ಸರ್ ಮಾತ್ರ ದೊಡ್ಡಣ್ಣಂದಿರದೇ ಎಂದು ಪಂಡಿತರು ಹೇಳಿದ್ದರು. ಡಬ್ಬಿ ಬಿಚ್ಚುವಾಗ ಮನೆಯವಳು ಪಕ್ಕದಲ್ಲಿ ನಿಂತು ನೋಡಿದಳು. “ಇದರ ರೊಕ್ಕದಾಗ ಎರಡ ಎಮ್ಮಿ ಬರ್ತಿದ್ವು ನೋಡ್ರಿ. ಅವು ಹಾಲರೆ ಕೊಡ್ತಿದ್ವು” ಎಂದು ಒಳಗೆ ಹೋದಳು. ದನದ ಡಾಕ್ಟರನ ಹೆಂಡತಿಗೆ ಲೆಕ್ಕವೂ ಎಮ್ಮೆಯದೇ.

ಎಮ್ಮೆಯ ಪರೀಕ್ಷೆ ನನಗೆ ಕಲಿಸಿದ್ದು ಸಿಂದಗಿಯ ಭೀಮರಾಯ. ನಾನು ಅಲ್ಲಿ ಕೆಲಸದಲ್ಲಿದ್ದಾಗ ಅವನಿಗೆ ತನ್ನ ಎಮ್ಮೆಯ ಫೋಟೋ ಬೇಕಾಗಿತ್ತು. ಮಾರಾಟಕ್ಕೆ ಗಿರಾಕಿಗೆ ತೋರಿಸಬೇಕು. ನನ್ನ ಬಳಿ ಆಗ ಅಂಗೈಯಗಲದ ಡಿಜಿಟಲ್ ಕ್ಯಾಮೆರಾ ಇತ್ತು. ಬೇವಿನ ಮರದ ನೆರಳಲ್ಲಿ ಎಮ್ಮೆ ನಿಲ್ಲಿಸಿ, ಬಹಳ ಗತ್ತಿನಿಂದ ಮೊಣಕಾಲೂರಿ ಕುಳಿತು ತೆಗೆದೆ. ಪ್ರಿಂಟು ನೋಡಿ ಭೀಮರಾಯ ಅದನ್ನು ತಿರುವಿದ, ಮುರುವಿದ, ಬಿಸಿಲಿಗೆ ಹಿಡಿದ.

“ಡಾಕ್ಟರ್ರ, ಗ್ವಾದ್ಲಿ ಬಂದೈತ್ರಿ, ಹಗ್ಗ ಬಂದೈತ್ರಿ. ಎಮ್ಮಿ ಎಲ್ಲಿ ಹೋತ್ರಿ?”

ನೋಡಿದರೆ ಹೌದು. ಮೇಯುವ ಗೋದಲಿ, ಗೂಟ, ಹಗ್ಗ ಎಲ್ಲ ಚೆಂದಾಗಿ ಬಂದಿದ್ದವು. ಎಮ್ಮೆ ಇರಬೇಕಾದಲ್ಲಿ ಮಾತ್ರ ಎಮ್ಮೆಯ ಆಕಾರದ ಒಂದು ಕರಿ ತೂತು. ಕಪ್ಪಿನೊಳಗೆ ಎಷ್ಟು ಬಗೆಯ ಕಪ್ಪುಗಳಿವೆ ಎಂಬುದನ್ನು ಕಾಣಲಾರದ ಕ್ಯಾಮೆರಾ ಕುರುಡು ಎಂದು ಅವತ್ತು ತಿಳಿಯಿತು. ಆ ಎಮ್ಮೆಯನ್ನು ಗಿರಾಕಿ ಕೊನೆಗೆ ಮನೆಗೇ ಬಂದು ನೋಡಿ ಕೊಂಡ.

ಹೀಗಾಗಿ ಹೊಸ ಕ್ಯಾಮೆರಾ ಹಿಡಿದು ಆಸ್ಪತ್ರೆಯ ಹಿಂದಿನ ನೆರಳಿಗೆ ಹೋದೆ. ಅಲ್ಲೊಂದು ಶುದ್ಧ ಕರಿ ಎಮ್ಮೆ ಕಣ್ಣುಮುಚ್ಚಿ ಮೆಲುಕು ಹಾಕುತ್ತಿತ್ತು. ತೆಗೆದು, ಲ್ಯಾಪ್‌ಟಾಪಿಗೆ ಹಾಕಿ, ಕತ್ತಲನ್ನು ಎತ್ತುವ ಒಂದು ಗುಂಡಿ ಇರುತ್ತದಲ್ಲ, ಅದನ್ನು ಬಲಕ್ಕೆ ಜಾರಿಸಿದೆ. ಎಮ್ಮೆ ಕತ್ತಲೊಳಗಿಂದ ನಿಧಾನಕ್ಕೆ ಎದ್ದು ಬಂತು. ಪಕ್ಕೆಲುಬು ಬಂತು, ಕೂದಲಿನ ಸುಳಿ ಬಂತು, ರೆಪ್ಪೆಗೂದಲು ಬಂತು. ಕಿವಿಯ ಹಿಂದೆ ರಕ್ತ ಕುಡಿದು ಉಬ್ಬಿದ ಒಂದು ಉಣ್ಣೆಯೂ ಕಂಡಿತು. ಎದ್ದು ಹೋಗಿ ಆ ಉಣ್ಣೆ ಕಿತ್ತು ಬಂದೆ. ಫೋಟೋ ನೋಡಿ ಚಿಕಿತ್ಸೆ ಮಾಡಿದ್ದು ನನ್ನ ವೃತ್ತಿಯಲ್ಲಿ ಅದೇ ಮೊದಲು.

ಎಮ್ಮೆಯಲ್ಲಿ ಕ್ಯಾಮೆರಾ ಪಾಸಾಯಿತು. ಉಳಿದದ್ದು ಅಕ್ಕ.

ನನ್ನ ಅಕ್ಕ ನೀಲಕ್ಕ ಇರುವುದು ಬಸವನ ಬಾಗೇವಾಡಿಯಲ್ಲಿ. ನನಗಿಂತ ಏಳೆಂಟು ವರ್ಷ ದೊಡ್ಡವಳು. ನಾನು ಎಂಥ ಕ್ಯಾಮೆರಾ ಕೊಂಡರೂ ಕೊನೆಯ ಪರೀಕ್ಷೆ ಅವಳ ಮನೆಯಲ್ಲಿ, ಮತ್ತು ಅವಳದು ಒಂದೇ ಪ್ರಶ್ನೆ.

“ಇದರಾಗ ಅವ್ವ ಕಾಣಸ್ತಾಳೇನೋ?”

ಮೊದಲ ಸಲ ಹೀಗೆ ಕೇಳಿದ್ದು ನಾನು ಮುದ್ದೇಬಿಹಾಳದಲ್ಲಿ ಕೆಲಸಕ್ಕೆ ಸೇರಿ, ಮೊದಲ ಪಗಾರದಲ್ಲಿ ರೀಲು ಹಾಕುವ ಕ್ಯಾಮೆರಾ ಕೊಂಡಾಗ. ನಾನು ಅದರ ಗುಣಗಾನ ನಿಲ್ಲಿಸುತ್ತಲೇ ಇರಲಿಲ್ಲ. ನನ್ನ ಬಾಯಿ ಮುಚ್ಚಿಸಲು ಕೇಳಿದ್ದಳು. ಅದೇ ಆಮೇಲೆ ನಮ್ಮ ಮನೆತನದ ಪದ್ಧತಿಯಾಯಿತು. ಪ್ರತಿಸಲ ನಾನು ಅವಳ ಮನೆಯ ಪಡಸಾಲೆಯಲ್ಲಿರುವ ಒಂದು ಹಳೆಯ ಫೋಟೋವನ್ನು ಹೊಸ ಕ್ಯಾಮೆರಾದಲ್ಲಿ ಪ್ರತಿ ತೆಗೆಯುವುದು, ಅವಳು ನೋಡುವುದು, “ಇಲ್ಲ ಬಿಡು” ಅನ್ನುವುದು, ಆಮೇಲೆ ಇಬ್ಬರೂ ರೊಟ್ಟಿ ಉಣ್ಣುವುದು. ಹೊರಗಿನವರಿಗೆ ಇದು ತಮಾಷೆ. ನನಗೆ ಗೊತ್ತು, ಪ್ರತಿಸಲ ಆ ಫೋಟೋದ ಮೇಲೆ ಬಗ್ಗುವಾಗ ಅಕ್ಕ ಉಸಿರು ಹಿಡಿದಿರುತ್ತಾಳೆ.

ಆ ಫೋಟೋದಲ್ಲಿ ಅವ್ವ ಇದ್ದಾಳೆ. ಆದರೆ ಕಾಣುವುದಿಲ್ಲ. ಯಾಕೆಂದರೆ ಅವಳು ಪರದೆಯ ಹಿಂದಿದ್ದಾಳೆ.

ನಮ್ಮದು ಹಳೆಯ ಕೊಲ್ಹಾರ. ಈಗ ಕೃಷ್ಣೆಯ ಹಿನ್ನೀರಿನ ಕೆಳಗಿರುವುದು. ಅವ್ವ ಹೆಪ್ಪು ಹಾಕಿದ ಮೊಸರನ್ನು ಬಟ್ಟೆಯಲ್ಲಿ ಗಂಟು ಕಟ್ಟಿ ಒಯ್ಯಬಹುದಿತ್ತು. ಆ ಊರಿನ ಮೊಸರೇ ಹಾಗೆ. ಊರು ಬಿಡುವುದೆಂದು ಗಟ್ಟಿಯಾದ ಮೇಲೆ ಎಲ್ಲರೂ ಮನೆ ಬಿಚ್ಚಲು ಶುರುಮಾಡಿದರು. ಹೊಸ ಊರಿನ ಮನೆಗೆ ಆಗುತ್ತದೆಂದು ಬಾಗಿಲು, ಕಿಟಕಿ, ತೊಲೆ, ಜಂತಿ ಎಲ್ಲ ಕಿತ್ತರು. ನಮ್ಮ ಮನೆಯದೂ ಕಿಟಕಿ ಕಿತ್ತಾಗಿತ್ತು, ಬಾಗಿಲು ಚೌಕಟ್ಟು ಕಿತ್ತಾಗಿತ್ತು. ಕಲ್ಲಿನ ಹೊಸ್ತಿಲು ಮಾತ್ರ ಜಗ್ಗಲಿಲ್ಲ. ಅಂಥ ದಿನ ಅಜ್ಜನಿಗೆ ಮನೆಯ ಮುಂದೆ ಎಲ್ಲರದೂ ಒಂದು ಫೋಟೋ ಬೇಕೆನಿಸಿತು. ಬಾಗೇವಾಡಿಯಿಂದ ಫೋಟೋದ ದಸ್ತಗೀರ ಕಾಕಾನನ್ನು ಕರೆಸಿದರು.

ಕಾಕಾ ಬಂದದ್ದು ಕ್ಯಾಮೆರಾದ ಜೊತೆ ಬಣ್ಣದ ಪರದೆಯ ಸುರುಳಿ ಹೊತ್ತುಕೊಂಡು. ಆಗೆಲ್ಲ ಫೋಟೋ ಎಂದರೆ ಹಿಂದೆ ಪರದೆ ಇರಬೇಕು. ಪರದೆ ಇಲ್ಲದ ಫೋಟೋ ಮದುವೆಗೆ ಹಳೆ ಧೋತರ ಉಟ್ಟು ಹೋದಂತೆ. ಆದರೂ ಕಾಕಾ ಒಂದು ಮಾತು ಕೇಳಿದ.

“ಯಜಮಾನ್ರ, ಮನಿ ಹಿಂದ ಬರ್ಲೇನ್ರಿ, ಪರದೆ ಕಟ್ಟಲೇನ್ರಿ?”

ಅಜ್ಜ ತಿರುಗಿ ಮನೆಯ ಕಡೆ ನೋಡಿದ. ಕಿಟಕಿ ಇದ್ದಲ್ಲಿ ತೂತು, ಬಾಗಿಲು ಇದ್ದಲ್ಲಿ ತೂತು.

“ಕಟ್ಟು ಮಾರಾಯಾ. ಕಣ್ಣು ಕಿತ್ತ ಮನಿ ಮುಂದ ಎಂಥಾ ಫೋಟೋ? ಮುಂದ ಮಕ್ಕಳು ನೋಡಿ, ನಮ್ಮ ಹಿರ್ಯಾರು ಇಂಥಾ ಹಾಳಮನ್ಯಾಗಿದ್ರು ಅನಬಾರ್ದು.”

ಹಾಗೆ ಕಟ್ಟಿದ ಪರದೆಯ ಮೇಲಿನ ಚಿತ್ರ ಏನು ಗೊತ್ತೆ? ಒಂದು ಕೆರೆ, ಕೆರೆಯಲ್ಲಿ ಎರಡು ಬಿಳಿ ಹಂಸ, ದಂಡೆಯಲ್ಲಿ ಒಂದು ಬಂಗಲೆ. ಹೊಳೆಯ ನೀರು ಬರುವ ಮೊದಲೇ ದಸ್ತಗೀರ ಕಾಕಾ ನಮ್ಮ ಮನೆಯ ಮುಂದೆ ಕೆರೆ ತಂದು ನಿಲ್ಲಿಸಿದ. ಯಾರಿಗೂ ಅದು ವಿಚಿತ್ರ ಎನಿಸಲಿಲ್ಲ. ಹಂಸ ಬಹಳ ಚೆಂದ ಬರೆದಿದ್ದಾರೆ ಎಂದು ಅಪ್ಪ ಮೆಚ್ಚಿಕೊಂಡ.

ಪರದೆಯ ಒಂದು ತುದಿಯನ್ನು ಗೋಡೆಯ ಗೂಟಕ್ಕೆ ಕಟ್ಟಿದರು. ಇನ್ನೊಂದು ತುದಿ ಕಟ್ಟಲು ಕಿಟಕಿಯ ಸರಳು ಇರಲಿಲ್ಲ, ಬಾಗಿಲ ಚೌಕಟ್ಟೂ ಇರಲಿಲ್ಲ. ಹೊಳೆಯ ಕಡೆಯ ಗಾಳಿ ಆ ತೂತುಗಳಿಂದ ನುಗ್ಗಿ ಬಂದು ಹಂಸಗಳನ್ನು ಮುಗಿಲಿಗೆ ಹಾರಿಸುತ್ತಿತ್ತು. ಆಗ ಅವ್ವ, “ನೀವೆಲ್ಲಾ ನಿಂದರ್ರಿ, ನಾ ಹಿಡಕೋತೇನಿ. ನನ್ನ ಆಮ್ಯಾಲ ತಗದ್ರಾತು” ಎಂದು ಹೊಸ್ತಿಲ ಮೇಲೆ ಹತ್ತಿ ಪರದೆಯ ಹಿಂದೆ ಹೋದಳು. ಅಜ್ಜ, ಅಪ್ಪ, ಲಂಗದಾವಣಿಯ ಅಕ್ಕ ಮತ್ತು ಹಲ್ಲುಕಿರಿದ ನಾನು ಜಮಖಾನೆಯ ಮೇಲೆ ನಿಂತೆವು. ಕಾಕಾ ಬಹಳ ಹೊತ್ತು ನಮ್ಮ ಗದ್ದ ಎತ್ತಿ, ಭುಜ ತಿರುವಿ, ಒಂದು ತೆಗೆದ. ರೀಲು ಮುಗಿಯಿತು. ಅಷ್ಟರಲ್ಲಿ ಸಾಮಾನು ಹೇರುವ ಲಾರಿಯೂ ಬಂತು. ಅವ್ವನ “ಆಮ್ಯಾಲ” ಎಂಬುದು ಅಲ್ಲಿಗೇ ನಿಂತಿತು.

ಹೊಸ ಊರಿಗೆ ಬಂದ ಎರಡನೇ ಮಳೆಗಾಲದಲ್ಲಿ ಅವ್ವನಿಗೆ ಕಾಮಾಲೆಯಾಯಿತು, ಹೋದಳು. ಗೋಡೆಗೆ ಹಾಕಲು ಫೋಟೋ ಬೇಕಲ್ಲ? ಇದ್ದದ್ದು ಮತದಾರರ ಗುರುತಿನ ಚೀಟಿಯ ಮೇಲಿನ ಹುಣಿಸೆಬೀಜದಷ್ಟು ಮುಖ ಒಂದೇ. ಅದನ್ನೇ ಯಾವುದೋ ಊರಿನ ಕಲಾವಿದರು ದೊಡ್ಡದು ಮಾಡಿ, ಬಣ್ಣ ಬಳಿದು, ಅವ್ವ ಎಂದೂ ಹಾಕದ ಬೋರಮಾಳ ಸರ ಹಾಕಿ, ರೇಷ್ಮೆ ಸೀರೆ ಉಡಿಸಿ, ತುಟಿಗೆ ಕೆಂಪು ಹಚ್ಚಿ ಕೊಟ್ಟರು. ನೀಲಕ್ಕ ಅದಕ್ಕೆ ಮಾಲೆ ಹಾಕುತ್ತಾಳೆ, ಊದಿನಕಡ್ಡಿ ಹಚ್ಚುತ್ತಾಳೆ. ಆದರೆ ಒಮ್ಮೆ ಊದಿನಕಡ್ಡಿ ಹಚ್ಚುತ್ತಲೇ ನನಗೆ ಹೇಳಿದ್ದಳು: “ಪೂಜಿ ಮಾಡ್ತೇನಿ ಖರೆ, ತಮ್ಮಾ. ಆದ್ರ ಇಕಿ ಯಾರೋ ಏನೋ. ನಮ್ಮವ್ವ ಆ ಹಂಸದ ಹಿಂದ ಅದಾಳ.” ಆ ಮಾತು ಕೇಳಿದ ಮೇಲೆ ನನಗೂ ಗೋಡೆಯ ಅವ್ವನ ಕಣ್ಣಲ್ಲಿ ಕಣ್ಣಿಡಲು ಸಂಕೋಚ.

ದಸ್ತಗೀರ ಕಾಕಾನ ಅಂಗಡಿಯ ನೆಗೆಟಿವ್‌ಗಳು ತೇವ ಹಿಡಿದು ಒಂದಕ್ಕೊಂದು ಅಂಟಿ ಎಂದೋ ಹಾಳಾಗಿವೆ. ಅಜ್ಜ, ಅಪ್ಪ ಇಬ್ಬರೂ ಈಗಿಲ್ಲ. ಉಳಿದದ್ದು ಶಾಲೆಯ ಪಾಟಿಯಷ್ಟು ದೊಡ್ಡ ಆ ಪ್ರಿಂಟು ಒಂದೇ. ಅದರ ಬಣ್ಣವೂ ವರ್ಷ ವರ್ಷ ಕೆಂಪಿಗೆ ತಿರುಗುತ್ತಿದೆ.

ಒಂದು ಭಾನುವಾರ ಕ್ಯಾಮೆರಾ, ಲ್ಯಾಪ್‌ಟಾಪು, ಜೊತೆಗೆ ಇಂಡಿಯ ಒಂದು ಚೀಲ ಲಿಂಬೆಹಣ್ಣು ಹಿಡಿದುಕೊಂಡು ಬಾಗೇವಾಡಿಗೆ ಹೋದೆ. ಅಕ್ಕ ಅಡಿಗೆಮನೆಯ ಕಟ್ಟೆಯ ಮುಂದೆ ನಿಂತು ರೊಟ್ಟಿ ಬಡಿಯುತ್ತಿದ್ದಳು, ಎಂದಿನಂತೆ ಎಡಗಾಲಿನ ಪಾದದ ಮೇಲೆ ಬಲಗಾಲಿನ ಪಾದ ಇಟ್ಟುಕೊಂಡು. ಅವಳು ಎಲ್ಲಿ ನಿಂತರೂ ಹಾಗೇ. ಬಸ್‌ಸ್ಟ್ಯಾಂಡಿನಲ್ಲೂ ಹಾಗೇ, ಬ್ಯಾಂಕಿನ ಸಾಲಿನಲ್ಲೂ ಹಾಗೇ. “ನಿಮ್ಮಕ್ಕಗ ಒಂದ ಚಪ್ಪಲಿ ಕೊಡಿಸಿದ್ರ ಸಾಕ್ರಿ ಡಾಕ್ಟರ್ರ” ಎಂದು ಅವಳ ಗಂಡ, ನಮ್ಮ ಮಾಮಾ, ಮದುವೆಯಾದಾಗಿನಿಂದ ಇದೊಂದೇ ಜೋಕು ಹೇಳುತ್ತ ಬಂದಿದ್ದಾರೆ. ನಾವೂ ಮರ್ಯಾದೆಗೆ ನಗುತ್ತ ಬಂದಿದ್ದೇವೆ.

ನನ್ನ ಕೈಯಲ್ಲಿ ಕ್ಯಾಮೆರಾ ಕಂಡದ್ದೇ ಮಾಮಾ ಎದ್ದು ಒಳಗೆ ಹೋದರು. ಹೊರಗೆ ಬರುವಾಗ ಕೈಯಲ್ಲಿ ಸೊಲ್ಲಾಪುರ ಚಾದರ. ಇದೂ ಪದ್ಧತಿಯೇ. ಅಕ್ಕನ ಮನೆಯಲ್ಲಿ ಯಾರದೇ ಫೋಟೋ ತೆಗೆಯಲಿ, ಹಿಂದೆ ಚಾದರ ಹಿಡಿಯಬೇಕು. ಗೋಡೆಯ ಸುಣ್ಣ ಉದುರಿದ್ದು ಬರಬಾರದು, ಗೂಟಕ್ಕೆ ತೂಗಿದ ಅಂಗಿ ಬರಬಾರದು, ಮೂಲೆಯ ಜ್ವಾಳದ ಚೀಲ ಬರಬಾರದು. ಚಾದರ ಹಿಡಿಯುವುದು ಮಾಮಾನ ಕೆಲಸ. ಹೀಗಾಗಿ ನನ್ನ ಅಕ್ಕನ ಮಕ್ಕಳ, ಮೊಮ್ಮಕ್ಕಳ ಎಲ್ಲ ಫೋಟೋಗಳ ಅಂಚಿನಲ್ಲಿ ಮಾಮಾನ ಬೆರಳುಗಳಿವೆ, ಮಾಮಾ ಇಲ್ಲ. ಅಕ್ಕನಂತೂ ತನ್ನ ಫೋಟೋ ತೆಗೆಸುವುದೇ ಇಲ್ಲ. ಕೇಳಿದರೆ, “ನನ್ನ ಮಾರಿ ಏನ ತಗೀತಿ, ನಿನ್ನ ಎಮ್ಮಿ ತಗಿ ಹೋಗು” ಅನ್ನುತ್ತಾಳೆ.

“ಚಾದರ ಆಮ್ಯಾಲ ತರ್ರಿ ಮಾಮಾ, ಮೊದಲ ಆ ಹಳೇ ಫೋಟೋ” ಎಂದೆ. ಅವರು ಚಾದರ ಹೆಗಲ ಮೇಲೆ ಹಾಕಿಕೊಂಡೇ ಕುಳಿತರು.

ಫೋಟೋವನ್ನು ಕಟ್ಟಿನಿಂದ ಬಿಡಿಸಿ, ಗಾಜಿನ ಹೊಳಪು ಇಲ್ಲದಂತೆ ಮಾಡಿ, ಹೊರಗಿನ ಕಟ್ಟೆಯ ನೆರಳಿನಲ್ಲಿ ಒರಗಿಸಿ ತೆಗೆದೆ. ಲ್ಯಾಪ್‌ಟಾಪಿನಲ್ಲಿ ಹಿಗ್ಗಿಸಿದಾಗ ಅಜ್ಜನ ತಲೆಯ ಪಟಕದ ಮಡಿಕೆ ಬಂತು, ಅಪ್ಪನ ಜೇಬಿನ ಪೆನ್ನು ಬಂತು, ನನ್ನ ಅಂಗಿಗೆ ಒಂದು ಗುಂಡಿ ಇಲ್ಲದ್ದೂ ಬಂತು. ಹಂಸದ ಕೊಕ್ಕಿನ ಮೇಲೆ ಬಣ್ಣ ಸಿಡಿದದ್ದೂ ಕಂಡಿತು. ಅಕ್ಕ ಕೈಯ ಹಿಟ್ಟು ತೊಳೆದುಕೊಂಡು ಬಂದು ನನ್ನ ಬೆನ್ನ ಹಿಂದೆ ನಿಂತಳು.

“ಅವ್ವ ಕಾಣಸ್ತಾಳೇನೋ?”

ಇಲ್ಲ ಎನ್ನಲು ಬಾಯಿ ತೆರೆದವನ ಕಣ್ಣು ಚಿತ್ರದ ಕೆಳಗಡೆ ಹೋಯಿತು. ಪರದೆ ನೆಲಕ್ಕೆ ಮುಟ್ಟಿರಲಿಲ್ಲ. ಅದರ ಅಂಚಿಗೂ ಜಮಖಾನೆಗೂ ನಡುವೆ ನಾಲ್ಕು ಬೆರಳು ಕತ್ತಲಿತ್ತು. ಇಷ್ಟು ವರ್ಷ ಅದನ್ನು ನಾವು ಫೋಟೋದ ಕರಿ ಅಂಚು ಎಂದೇ ತಿಳಿದಿದ್ದೆವು. ನನಗೆ ಆಸ್ಪತ್ರೆಯ ಹಿಂದಿನ ಎಮ್ಮೆ ನೆನಪಾಯಿತು. ಕತ್ತಲು ಎತ್ತುವ ಗುಂಡಿಯನ್ನು ಬಲಕ್ಕೆ ಜಾರಿಸಿದೆ. ಇನ್ನಷ್ಟು ಜಾರಿಸಿದೆ.

ಮೊದಲು ಒಂದು ಬೂದು ಗೆರೆ ಎದ್ದಿತು. ಅದು ನಮ್ಮ ಹೊಸ್ತಿಲು. ಯಾರಿಂದಲೂ ಕೀಳಲಾಗದ ಕಲ್ಲು. ಅದರ ಮೇಲೆ, ಬಲಕ್ಕೆ, ಎಂಥದೋ ಒಂದು ಉಂಡೆಯಂಥ ಆಕಾರ. ನಾನು ಪಂಡಿತರಂತೆ ಅದನ್ನು ಹಿಗ್ಗಿಸಿದೆ. ಹಿಗ್ಗಿಸಿದಷ್ಟೂ ಅದು ರವೆ ಚೆಲ್ಲಿದಂತೆ ಕಾಳುಕಾಳಾಗಿ ಚದುರಿಹೋಯಿತು. ಕಲ್ಲಲ್ಲವೇನೋ ಎನಿಸಿತು. ಆದರೆ ಇಲ್ಲದ ಆಸೆ ಹುಟ್ಟಿಸಿ ಅಕ್ಕನನ್ನು ಅಳಿಸಬಾರದು.

“ಏನಿಲ್ಲಕ್ಕಾ. ಕಲ್ಲೋ ಏನೋ. ಕತ್ತಲಾ ಬಾಳ ಎತ್ತಿದ್ರ ಹಿಂಗ ಸುಳ್ಳಸುಳ್ಳ ಕಾಳ ಬರ್ತಾವ.”

“ಸಣ್ಣದ ಮಾಡು.”

“ಸಣ್ಣದ ಮಾಡಿದ್ರ ಏನ ಕಾಣತೈತಿ?”

“ಮಾಡಂದ್ರ ಮಾಡೋ. ಅಷ್ಟ ಹತ್ತರ ಹೋಗಿ ನೋಡಿದ್ರ ಯಾರರೆ ಕಾಣಸ್ತಾರೇನು?”

ಸಣ್ಣದು ಮಾಡಿದೆ. ಅಕ್ಕ ಲ್ಯಾಪ್‌ಟಾಪನ್ನು ಎರಡೂ ಕೈಯಿಂದ ದೂರ ದೂಡಿ, ಕನ್ನಡಕ ಹಣೆಗೆ ಏರಿಸಿ, ಕಣ್ಣು ಕಿರಿದು ಮಾಡಿ ನೋಡಿದಳು. ಮಾಮಾನೂ ಎದ್ದು ಬಂದರು. ಒಳಗೆ ಒಲೆಯ ಮೇಲಿನ ರೊಟ್ಟಿ ಸೀದ ವಾಸನೆ ಬಂತು, ಯಾರೂ ಏಳಲಿಲ್ಲ.

“ಕಲ್ಲಲ್ಲೋ ತಮ್ಮಾ,” ಎಂದಳು. “ಕಾಲು. ಒಂದರ ಮ್ಯಾಲ ಒಂದ ಇಟಗೊಂಡಾಳ. ಅದಕ್ಕ ನಿನಗ ಒಂದ ಉಂಡಿ ಕಂಡಂಗ ಕಂಡೈತಿ. ನೋಡಿಲ್ಲೆ, ಇದು ಮ್ಯಾಲಿನ ಹೆಬ್ಬಟ್ಟು. ಇದು ಕೆಳಗಿಂದು. ಅವ್ವ ಹಿಂಗ ನಿಂದರ್ತಿದ್ಲು. ಮರತ್ಯೇನು?”

ಮರೆತಿದ್ದೆ. ಅಕ್ಕ ಹೇಳಿದ ಗಳಿಗೆಗೆ ನೆನಪಾಯಿತು. ಬೀಸುವ ಕಲ್ಲಿನಿಂದ ಎದ್ದು ಬಂದು, ಹಿತ್ತಲ ಬಾಗಿಲಲ್ಲಿ, ಕಾಲ ಮೇಲೆ ಕಾಲಿಟ್ಟು ನಿಂತು ಸೆರಗಿನಿಂದ ಮುಖ ಒರೆಸಿಕೊಳ್ಳುವ ಅವ್ವ. ಮುಖ ನೆನಪಾಗಲಿಲ್ಲ, ನಿಂತ ನಿಲುವು ನೆನಪಾಯಿತು. ಗೋಡೆಯ ಮೇಲಿನ ಬಣ್ಣದ ಅವ್ವ ಇಷ್ಟು ವರ್ಷ ಕೊಡದಿದ್ದನ್ನು ಈ ಎರಡು ಪಾದ ಕೊಟ್ಟವು. ನನಗೆ ಅಳು ಬಂತು. ದನದ ಡಾಕ್ಟರು ಅಳಬಾರದೆಂಬ ಕಾನೂನೇನೂ ಇಲ್ಲ.

ಅಕ್ಕ ಅಳಲಿಲ್ಲ. ಆ ಪಾದಗಳನ್ನೇ ನೋಡುತ್ತಿದ್ದಳು. ಆಮೇಲೆ ಮೆಲ್ಲಗೆ ಹೇಳಿದಳು.

“ಬ್ಯಾಸಗಿ ಅದು. ನಾವು ಜಮಖಾನಿ ಮ್ಯಾಲಿದ್ವಿ. ಅಕಿ ಕಾಯ್ದ ಕಲ್ಲಿನ ಮ್ಯಾಲ ಬರಿಗಾಲ್ಲೆ ನಿಂತಾಳ. ಸುಟ್ಟಾವ ಕಾಲು. ಅದಕ್ಕ ಒಂದರ ಮ್ಯಾಲ ಒಂದ ಇಟ್ಟಾಳ. ದಸ್ತಗೀರ ಕಾಕಾ ನನ್ನ ಗದ್ದ ಎಷ್ಟ ಸರ್ತಿ ಎತ್ತಿದ್ನೋ... ಅಷ್ಟೊತ್ತನೂ ಅಕಿ ಪರದೆ ಬಿಟ್ಟಿಲ್ಲ.”

ಬೆರಳು ಚಾಚಿ ಲ್ಯಾಪ್‌ಟಾಪಿನ ಪರದೆಯ ಮೇಲಿನ ಆ ಪಾದಗಳನ್ನು ಮುಟ್ಟಿ ಕಣ್ಣಿಗೆ ಒತ್ತಿಕೊಂಡಳು. ನನ್ನ ಲ್ಯಾಪ್‌ಟಾಪಿನದು ಮುಟ್ಟಿದರೆ ಜರುಗುವ ಪರದೆ. ಚಿತ್ರ ಸರಿದು, ಹಂಸ ಬಂದು ನಿಂತಿತು. “ಅಯ್ಯ, ಎಲ್ಲಿ ಹೋದ್ಲೋ!” ಎಂದು ಅಕ್ಕ ಹೌಹಾರಿದಳು. ಮತ್ತೆ ತಂದು ತೋರಿಸಿದೆ. ಮತ್ತೆ ಮುಟ್ಟಿದಳು, ಮತ್ತೆ ಸರಿಯಿತು. ಈ ಸಲ ನಕ್ಕಳು, ನಗುತ್ತಲೇ ಕಣ್ಣು ಒರೆಸಿಕೊಂಡಳು.

ಕ್ಯಾಮೆರಾ ಗೆಳೆಯರು ಈಗಲೂ ನನ್ನನ್ನು ಕೇಳುತ್ತಾರೆ, ಇದರ ಚಿತ್ರದ ಗುಣಮಟ್ಟ ಹೇಗೆ, ನೆರಳಿನಲ್ಲಿ ಕಾಳು ಬರುತ್ತದೆಯೇ ಎಂದು. ಬರುತ್ತದೆ. ಅಲ್ಲಿ ಕಂಡದ್ದು ಪಾದವೋ ಕಾಳೋ ಎಂದು ಪಂಡಿತರು ಕೇಳಿದರೆ ನಾನು ವಾದಕ್ಕೆ ಇಳಿಯುವುದಿಲ್ಲ. ನಮ್ಮ ಮನೆಯಲ್ಲಿ ತೀರ್ಪು ಆಗಿದೆ.

ಸೀದ ರೊಟ್ಟಿಯನ್ನೇ ಉಂಡೆವು. ಅಕ್ಕ ಕಡೆದ ಮಜ್ಜಿಗೆಗೆ ಲಿಂಬೆ ಎಲೆ ಹಾಕಿ ಕೊಟ್ಟಳು. ಹೊರಡಲು ಕ್ಯಾಮೆರಾ ಚೀಲಕ್ಕೆ ಹಾಕುತ್ತಿದ್ದೆ. ಅವಳು ಬಾಗಿಲಿಗೆ ಬಂದು ನಿಂತಳು.

“ನಂದೊಂದ ತಗಿ” ಎಂದಳು.

ಕೇಳಿದ್ದು ಸರಿಯೇ ಎಂದು ನಾನು ಮಾಮಾನ ಮುಖ ನೋಡಿದೆ. ಅವರು ಆಗಲೇ ಹೆಗಲ ಮೇಲಿನ ಚಾದರ ಕೊಡವಿ, ಎರಡೂ ತುದಿ ಹಿಡಿದು ಅವಳ ಹಿಂದೆ ಹೋಗುತ್ತಿದ್ದರು.

ಅಕ್ಕ ಕೈ ಅಡ್ಡ ಹಿಡಿದಳು. “ಚಾದರ ಬ್ಯಾಡ್ರಿ. ಇಲ್ಲೆ ಬರ್ರಿ, ನನ್ನ ಬಾಜೂಕ ನಿಂದರ್ರಿ. ಮನಿ ಕಾಣ್ಲಿ.”

ಸುಣ್ಣ ಉದುರಿದ ಗೋಡೆ, ತೂಗಿದ ಅಂಗಿ, ಜ್ವಾಳದ ಚೀಲ, ಏನು ಮಾಡಬೇಕೆಂದು ತಿಳಿಯದೆ ಚಾದರ ಹಿಡಿದು ನಿಂತ ಮಾಮಾ. ನಾನು ಕಿಂಡಿಗೆ ಕಣ್ಣಿಟ್ಟೆ. ಹೊಸ್ತಿಲ ಮೇಲೆ ಅಕ್ಕ ಎಡಪಾದದ ಮೇಲೆ ಬಲಪಾದ ಇಟ್ಟು ಸೆರಗು ಸರಿಮಾಡಿಕೊಂಡಳು.

“ತಮ್ಮಾ,” ಎಂದಳು, “ಕಾಲ ಬರೂವಂಗ ತಗಿಯಪ್ಪಾ.”